ಕಟ್ಟೆ ಮೇಲಿನ ಬಾಂಡ್ ಪೇಪರ್‌ಗೆ ಪೋಟಗಿ ತೀರುವುದಿಲ್ಲ

ಹೋದ ಸಲ ಹತ್ತಿ ಬಿಡಿಸುವ ಹಂಗಾಮಿನಲ್ಲಿ ನಾವು ಒಬ್ಬ ಹೆಣ್ಣುಮಗಳನ್ನು ಹೊಲದಲ್ಲಿ ಭೇಟಿಯಾದೆವು. ಹೆಸರು, ಊರು ಬರೆಯುವುದಿಲ್ಲ. ಅವರೇ ಬೇಡ ಅಂದಿದ್ದಾರೆ. ವಯಸ್ಸು ಮೂವತ್ತರ ಒಳಗೆ. ಇಬ್ಬರು ಮಕ್ಕಳು. ಗಂಡ ದುಡಿಯಲು ಬೆಂಗಳೂರಿಗೆ ಹೋದ. ಮೊದಮೊದಲು ತಿಂಗಳಿಗಿಷ್ಟು ರೊಕ್ಕ ಕಳಿಸುತ್ತಿದ್ದ. ಆಮೇಲೆ ಕಳಿಸುವುದು ನಿಂತಿತು, ಫೋನ್ ಎತ್ತುವುದೂ ನಿಂತಿತು. 'ಗಂಡನೇ ಇಲ್ಲದ ಮನ್ಯಾಗ ನಿನಗೇನು ಕೆಲಸ' ಎಂದು ಅತ್ತೆ-ಮಾವ ತವರಿಗೆ ಕಳಿಸಿಬಿಟ್ಟರು.

ಎರಡೂ ಕಡೆಯ ಹಿರಿಯರು ಕಟ್ಟೆಗೆ ಕೂತರು. ಒಂದು ದಿನದ ಪಂಚಾಯಿತಿ. ಗಂಡನ ಕಡೆಯವರು 60,000 ರೂಪಾಯಿ ಕೊಡಬೇಕು, ಮದುವೆಯಲ್ಲಿ ಬಂದ ತಿಜೋರಿ ಮತ್ತು ಪಾತ್ರೆ ವಾಪಸ್ ಮಾಡಬೇಕು, ಅಲ್ಲಿಗೆ ಸಂಬಂಧ ಹರಿಯಿತು ಎಂದು ತೀರ್ಮಾನ. ಬಾಂಡ್ ಪೇಪರ್ ಮೇಲೆ ಬರೆಸಿದರು: 'ಇಬ್ಬರೂ ಒಪ್ಪಿ ಬೇರೆಯಾಗಿದ್ದೇವೆ, ಇನ್ನು ಮುಂದೆ ಯಾವುದೇ ಪೋಟಗಿ ಕೇಳುವುದಿಲ್ಲ.' ಕೆಳಗೆ ಐದು ಮಂದಿ ಸಾಕ್ಷಿ.

"ಹಿರ್ಯಾರ ಮಾತು ಮೀರಬಾರದು ಅಂತ ಸಹಿ ಮಾಡಿದ್ನಿರಿ. ಏನು ಬರದೀರಿ, ಓದಿ ಹೇಳ್ರಿ ಅಂತ ಕೇಳಾಕ ಬಾಯಿ ಬರಲಿಲ್ಲ" ಅಂದರು ಅವರು. ಕೈ ಮಾತ್ರ ಹತ್ತಿ ಬಿಡಿಸುತ್ತಲೇ ಇತ್ತು.

ನಾವು ಅಲ್ಲೇ ಬದುವಿನ ಮೇಲೆ ಕೂತು ಲೆಕ್ಕ ಹಾಕಿದೆವು. ಸಹಿ ಮಾಡಿದಾಗ ಸಣ್ಣ ಮಗನಿಗೆ ಮೂರು ವರ್ಷ. ಅವನಿಗೆ ಹದಿನೆಂಟು ತುಂಬಲು 15 ವರ್ಷ, ಅಂದರೆ 180 ತಿಂಗಳು. 60,000 ರೂಪಾಯಿಯನ್ನು 180 ತಿಂಗಳಿಗೆ ಹಂಚಿದರೆ ತಿಂಗಳಿಗೆ 333 ರೂಪಾಯಿ. ದಿನಕ್ಕೆ 11. ತಾಯಿ, ಇಬ್ಬರು ಮಕ್ಕಳು, ಮೂರು ಹೊಟ್ಟೆಗೆ ಹಂಚಿದರೆ ಒಬ್ಬೊಬ್ಬರಿಗೆ ದಿನಕ್ಕೆ ನಾಲ್ಕು ರೂಪಾಯಿಯೂ ಇಲ್ಲ. ಆ ಕಟ್ಟೆಯ ಎದುರಿನ ಹೋಟೆಲಿನಲ್ಲಿ ಅಷ್ಟಕ್ಕೆ ಅರ್ಧ ಕಪ್ ಚಹಾ ಬರುವುದಿಲ್ಲ.

ನಮ್ಮ ಅಭಿಪ್ರಾಯ ನೇರವಾಗಿ ಹೇಳಿಬಿಡುತ್ತೇವೆ. ಪೋಟಗಿ ಅಥವಾ ಜೀವನಾಂಶ ಎಂಬುದು ಗಂಡನ ಕಡೆಯವರು ಕರುಣೆಯಿಂದ ಕೊಡುವ ದಾನವಲ್ಲ, ಕಟ್ಟೆಯ ಮೇಲೆ ಚೌಕಾಸಿ ಮಾಡುವ ದನದ ವ್ಯಾಪಾರವೂ ಅಲ್ಲ. ಅದು ಕಾನೂನು ಒಪ್ಪಿದ ಹಕ್ಕು. ಅದನ್ನು ಒಂದೇ ಸಲ ಒಂದಿಷ್ಟು ರೊಕ್ಕ ಕೊಟ್ಟು ಬರೆಸಿಕೊಳ್ಳುವ ಪದ್ಧತಿಯನ್ನು ನಮ್ಮ ಊರುಗಳು ಬಿಡಬೇಕು. ಹೆಣ್ಣುಮಕ್ಕಳು ಆ ಕಾಗದಕ್ಕೆ ಹೆದರಿ ಮನೆಯಲ್ಲಿ ಕೂರುವುದನ್ನೂ ಬಿಡಬೇಕು.

ಕಲಬುರಗಿಯ 8,000 ರೂಪಾಯಿ

ಇದು ಬರೀ ನಮ್ಮ ಮಾತಲ್ಲ. ನಮ್ಮದೇ ಕಲಬುರಗಿಯಿಂದ ಸುಪ್ರೀಂ ಕೋರ್ಟಿನವರೆಗೆ ಹೋದ ಒಂದು ಪ್ರಕರಣ ಇದೆ. ಅಲ್ಲಿಯ ಒಬ್ಬ ಹೆಣ್ಣುಮಗಳು ಗಂಡನಿಂದ ಜೀವನಾಂಶ ಕೇಳಿ ಕೋರ್ಟಿಗೆ ಹೋಗಿದ್ದರು. ಕೇಸು ನಡೆಯುತ್ತಿರುವಾಗಲೇ 1994ರಲ್ಲಿ ರಾಜಿ ಆಯಿತು. ಒಂದೇ ಸಲಕ್ಕೆ 8,000 ರೂಪಾಯಿ ತೆಗೆದುಕೊಂಡು, ಮುಂದೆ ಜೀವನಾಂಶ ಕೇಳುವುದಿಲ್ಲ ಎಂದು ಬರೆದುಕೊಟ್ಟರು.

ಆ ರೊಕ್ಕ ಎಷ್ಟು ದಿನ ಬಂದೀತು? ವರ್ಷಗಳು ಕಳೆದ ಮೇಲೆ ಅವರು ಮತ್ತೆ ಕೋರ್ಟಿಗೆ ಹೋದರು. ಈ ಸಲ 1956ರ ಹಿಂದೂ ದತ್ತಕ ಮತ್ತು ಜೀವನಾಂಶ ಕಾಯ್ದೆಯ ಅಡಿ ದಾವೆ ಹಾಕಿದರು. ಗಂಡನ ವಾದ ಒಂದೇ: 'ಬರೆದುಕೊಟ್ಟಾಗಿದೆ, ರೊಕ್ಕ ತಗೊಂಡಾಗಿದೆ, ಮತ್ತೇನು?' ಕೌಟುಂಬಿಕ ನ್ಯಾಯಾಲಯ ಆ ವಾದ ಒಪ್ಪದೆ ತಿಂಗಳಿಗೆ 2,000 ರೂಪಾಯಿ ಕೊಡಬೇಕು ಎಂದಿತು. ಹೈಕೋರ್ಟ್ ಅದನ್ನೇ ಎತ್ತಿಹಿಡಿಯಿತು. 2013ರಲ್ಲಿ ಸುಪ್ರೀಂ ಕೋರ್ಟ್ ಕೂಡ ಗಂಡನ ಮಾತು ತಳ್ಳಿಹಾಕಿತು. ಜೀವನಾಂಶದ ಹಕ್ಕನ್ನೇ ಬಿಟ್ಟುಕೊಡುವ ಒಪ್ಪಂದ ಸಾರ್ವಜನಿಕ ನೀತಿಗೆ ವಿರುದ್ಧ, ಅದು ಹೆಂಡತಿಯ ದಾವೆಗೆ ಅಡ್ಡಿ ಆಗುವುದಿಲ್ಲ ಎಂಬುದು ಅದರ ಸಾರ.

ಯೋಚನೆ ಮಾಡಿ. ಅದು ಕೋರ್ಟಿನಲ್ಲಿಯೇ ಆದ ರಾಜಿ. ಅದೇ ನಿಲ್ಲಲಿಲ್ಲ ಅಂದಮೇಲೆ, ಕಟ್ಟೆ ಮೇಲೆ ಐದು ಮಂದಿ ಸಾಕ್ಷಿ ಇಟ್ಟು ಬರೆಸಿದ ಬಾಂಡ್ ಪೇಪರ್ ನಿಲ್ಲುತ್ತದೆಯೇ?

ಹಾಗಂತ ಆ ಕಾಗದದಿಂದ ತೊಂದರೆಯೇ ಇಲ್ಲ ಅಂದುಕೊಳ್ಳಬೇಡಿ. ಅದರಲ್ಲಿ 'ಇಬ್ಬರೂ ಒಪ್ಪಿ ಬೇರೆಯಾಗಿದ್ದೇವೆ' ಎಂಬ ಸಾಲು ಇರುತ್ತದಲ್ಲ, ಅದು ಸುಮ್ಮನೆ ಬರೆದದ್ದಲ್ಲ. ಪರಸ್ಪರ ಒಪ್ಪಿಗೆಯಿಂದ ಬೇರೆ ವಾಸ ಮಾಡುತ್ತಿರುವ ಹೆಂಡತಿಗೆ ಜೀವನಾಂಶ ಇಲ್ಲ ಎಂದು ಕಾನೂನಿನಲ್ಲೇ ಒಂದು ಮಾತಿದೆ. ನಾಳೆ ಕೋರ್ಟಿನಲ್ಲಿ ಗಂಡನ ವಕೀಲರು ಮೊದಲು ತೋರಿಸುವುದು ಆ ಸಾಲನ್ನೇ. ಆಗ 'ನಾನು ಒಪ್ಪಿ ಬಂದದ್ದಲ್ಲ, ನನ್ನನ್ನು ಹೊರಗೆ ಹಾಕಿದರು' ಎಂದು ಸಾಬೀತು ಮಾಡುವ ಹೊರೆ ಹೆಣ್ಣುಮಗಳ ತಲೆ ಮೇಲೆ ಬೀಳುತ್ತದೆ. ಆದ್ದರಿಂದ ಸಹಿ ಮಾಡಿ ಆಗಿದ್ದರೆ ಹೆದರಬೇಡಿ, ಇನ್ನೂ ಮಾಡಿಲ್ಲವಾದರೆ ಮಾಡಬೇಡಿ.

ಇನ್ನೊಂದು ಮಾತು. ಮಕ್ಕಳ ಜೀವನಾಂಶ ಮಕ್ಕಳ ಹಕ್ಕು. ತಾಯಿ ಸಹಿ ಮಾಡಿದಳು ಎಂದು ಮಕ್ಕಳ ಅನ್ನ ಹರಿದುಹೋಗುವುದಿಲ್ಲ.

ಕಾನೂನು ಏನು ಹೇಳುತ್ತದೆ

'125 ಕೇಸು' ಎಂದು ನೀವು ಕೇಳಿರಬಹುದು. 1973ರ ದಂಡ ಪ್ರಕ್ರಿಯಾ ಸಂಹಿತೆಯ 125ನೇ ಕಲಂ ಅದು. 2024ರ ಜುಲೈ 1ರಿಂದ ಹೊಸ ಕಾನೂನು ಬಂದಿದೆ, ಭಾರತೀಯ ನಾಗರಿಕ ಸುರಕ್ಷಾ ಸಂಹಿತೆ. ಅದರಲ್ಲಿ ಇದೇ ವಿಷಯ 144ನೇ ಕಲಮಿನಲ್ಲಿದೆ. ನಂಬರ್ ಬದಲಾಗಿದೆ, ಹಕ್ಕು ಬದಲಾಗಿಲ್ಲ.

ದುಡಿಯುವ ಶಕ್ತಿ ಇರುವ ಗಂಡ, ತನ್ನನ್ನು ತಾನು ಸಾಕಿಕೊಳ್ಳಲು ಆಗದ ಹೆಂಡತಿಯನ್ನು ಕಡೆಗಣಿಸಿದರೆ, ತಿಂಗಳು ತಿಂಗಳು ಇಂತಿಷ್ಟು ಕೊಡು ಎಂದು ಕೋರ್ಟು ಆದೇಶ ಮಾಡುತ್ತದೆ. ಹೆಂಡತಿ ಅಂದರೆ ಜೊತೆಗಿರುವವಳು ಮಾತ್ರವಲ್ಲ. ವಿಚ್ಛೇದನ ಆಗಿ ಮರುಮದುವೆ ಆಗದವಳೂ ಸೇರುತ್ತಾಳೆ. ಸಣ್ಣ ಮಕ್ಕಳು, ವಯಸ್ಸಾದ ತಂದೆ-ತಾಯಿ ಕೂಡ ಇದೇ ಕಲಮಿನಲ್ಲಿ ಕೇಳಬಹುದು.

ಇದು ಯಾವುದೋ ಒಂದು ಧರ್ಮದವರ ಕಾನೂನಲ್ಲ. 1985ರಲ್ಲಿ ಶಾ ಬಾನೊ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಮುಸ್ಲಿಂ ಮಹಿಳೆಗೂ 125ನೇ ಕಲಂ ಅನ್ವಯಿಸುತ್ತದೆ ಎಂದಿತ್ತು. ಆಮೇಲೆ 1986ರಲ್ಲಿ ಬೇರೆ ಕಾಯ್ದೆ ಬಂದು ಗೊಂದಲ ಆಯಿತು. 2024ರ ಜುಲೈ 10ರಂದು, ತೆಲಂಗಾಣದಿಂದ ಹೋದ ಪ್ರಕರಣದಲ್ಲಿ, ವಿಚ್ಛೇದಿತ ಮುಸ್ಲಿಂ ಮಹಿಳೆ ಈ ಕಲಮಿನಲ್ಲಿ ಜೀವನಾಂಶ ಕೇಳಬಹುದು ಎಂದು ಸುಪ್ರೀಂ ಕೋರ್ಟ್ ಮತ್ತೊಮ್ಮೆ ಸ್ಪಷ್ಟ ಮಾಡಿತು.

'ಕೋರ್ಟಿಗೆ ಹೋದರೆ ಐನೂರು ಕೊಡಿಸುತ್ತಾರೆ, ಅದಕ್ಕೆ ಯಾಕೆ ಅಡ್ಡಾಡಬೇಕು' ಎಂದು ಹಿರಿಯರು ಈಗಲೂ ಹೇಳುತ್ತಾರೆ. ಅವರು ಸುಳ್ಳು ಹೇಳುತ್ತಿಲ್ಲ, ಹಳೆಯ ಮಾತು ಹೇಳುತ್ತಿದ್ದಾರೆ. ಮೊದಲು ತಿಂಗಳಿಗೆ 500 ರೂಪಾಯಿಗಿಂತ ಹೆಚ್ಚು ಕೊಡಿಸಬಾರದು ಎಂದು ಕಾನೂನಿನಲ್ಲೇ ಮಿತಿ ಇತ್ತು. 2001ರಲ್ಲಿ ಆ ಮಿತಿ ತೆಗೆದರು. ಈಗ ಗಂಡನ ಆದಾಯ, ಅವನ ಖರ್ಚು, ಹೆಂಡತಿ-ಮಕ್ಕಳ ಅಗತ್ಯ ನೋಡಿ ಮೊತ್ತ ನಿಗದಿ ಮಾಡುತ್ತಾರೆ.

ಎಲ್ಲಿ ಅರ್ಜಿ ಹಾಕಬೇಕು? ಗಂಡ ಬೆಂಗಳೂರಿನಲ್ಲಿದ್ದಾನೆ, ಪುಣೆಯಲ್ಲಿದ್ದಾನೆ ಎಂದು ನೀವು ಅಲ್ಲಿಗೆ ಹೋಗಬೇಕಿಲ್ಲ. ನೀವು ಈಗ ವಾಸ ಇರುವ ಜಾಗದ ಕೋರ್ಟಿನಲ್ಲೇ ಹಾಕಬಹುದು. ತವರುಮನೆಯಲ್ಲಿದ್ದರೆ ತವರಿನ ತಾಲ್ಲೂಕು ಸಾಕು. ಕೌಟುಂಬಿಕ ನ್ಯಾಯಾಲಯ ಇರುವ ಕಡೆ ಅಲ್ಲಿ, ಉಳಿದ ಕಡೆ ತಾಲ್ಲೂಕಿನ ಜೆಎಂಎಫ್‌ಸಿ ಕೋರ್ಟಿನಲ್ಲಿ.

ಕಾಯುವುದಕ್ಕೂ ಬೆಲೆ ಇದೆ

ಈ ಲೇಖನದಲ್ಲಿ ಬೇರೆಲ್ಲಾ ಮರೆತರೂ ಇದೊಂದನ್ನು ನೆನಪಿಡಿ. 2020ರ ನವೆಂಬರ್ 4ರಂದು ಸುಪ್ರೀಂ ಕೋರ್ಟ್ ಒಂದು ದೊಡ್ಡ ತೀರ್ಪು ಕೊಟ್ಟಿತು. ಜೀವನಾಂಶದ ಲೆಕ್ಕ ಅರ್ಜಿ ಹಾಕಿದ ದಿನದಿಂದ ಶುರುವಾಗಬೇಕು ಎಂದಿತು. ಆದೇಶ ಬರುವುದು ತಡವಾದರೂ ಅರ್ಜಿಯ ದಿನದಿಂದಲೇ ಲೆಕ್ಕ.

ಇದರ ಅರ್ಥ ಏನು? ಉದಾಹರಣೆಗೆ ಕೋರ್ಟು ತಿಂಗಳಿಗೆ 5,000 ರೂಪಾಯಿ ನಿಗದಿ ಮಾಡಿತು ಅಂದುಕೊಳ್ಳಿ. ಅರ್ಜಿ ಹಾಕಿ 18 ತಿಂಗಳಿಗೆ ಆದೇಶ ಬಂದರೆ, ಆ ದಿನಕ್ಕೆ ಗಂಡ ಕೊಡಬೇಕಾದ ಬಾಕಿಯೇ 90,000 ರೂಪಾಯಿ. ಅದೇ ಹೆಣ್ಣುಮಗಳು 'ಇವತ್ತು ಬರ್ತಾನ, ನಾಳೆ ಬರ್ತಾನ' ಎಂದು ಅರ್ಜಿ ಹಾಕದೆ 18 ತಿಂಗಳು ಕೂತಿದ್ದರೆ, ಆ ತಿಂಗಳುಗಳ ರೊಕ್ಕ ಈ ಲೆಕ್ಕಕ್ಕೆ ಬರುವುದಿಲ್ಲ.

ಕಟ್ಟೆ ಪಂಚಾಯಿತಿ ಹೆಣ್ಣುಮಕ್ಕಳಿಂದ ಕಸಿದುಕೊಳ್ಳುವುದು ಇದನ್ನೇ. 'ಯುಗಾದಿ ಮುಗೀಲಿ', 'ಜಾತ್ರೆ ಮುಗೀಲಿ', 'ಹುಡುಗ ಊರಿಗೆ ಬಂದ ಮ್ಯಾಲೆ ಕೂಡೋಣ'. ಹೀಗೆ ತಿಂಗಳುಗಳು ಉರುಳುತ್ತವೆ. ಒಂದಾಗಿ ಬಾಳುವ ಮಾತುಕತೆ ಬೇಡ ಎಂದು ನಾವು ಹೇಳುತ್ತಿಲ್ಲ. ಮಾತುಕತೆ ನಡೆಯಲಿ, ಅರ್ಜಿಯೂ ಹೋಗಲಿ. ಗಂಡ ನಿಜವಾಗಿ ಬಂದು ಸಂಸಾರ ನಡೆಸಿದರೆ ಅರ್ಜಿ ವಾಪಸ್ ಪಡೆಯುವುದು ದೊಡ್ಡ ಕೆಲಸವಲ್ಲ.

ಕೇಸು ಮುಗಿಯುವವರೆಗೂ ಉಪವಾಸ ಇರಬೇಕಿಲ್ಲ. ಮಧ್ಯಂತರ ಜೀವನಾಂಶ ಕೇಳಬಹುದು. ಗಂಡನಿಗೆ ನೋಟಿಸ್ ಮುಟ್ಟಿದ ದಿನದಿಂದ ಆದಷ್ಟು 60 ದಿನದೊಳಗೆ ಅದನ್ನು ತೀರ್ಮಾನಿಸಬೇಕು ಎಂದು ಕಾನೂನು ಹೇಳುತ್ತದೆ.

ಕಟ್ಟೆ ಮೇಲೆ ಕೇಳುವ ಮಾತುಗಳು

ಈ ವಿಷಯ ಎತ್ತಿದಾಗೆಲ್ಲ ನಮಗೆ ಎದುರಾಗುವ ಪ್ರಶ್ನೆಗಳಿವೆ. ಅವುಗಳಿಗೆ ಉತ್ತರ ಕೊಡದೆ ಮುಂದೆ ಹೋಗುವುದು ಸರಿಯಲ್ಲ.

'ಆಕಿ ಕೂಲಿಗೆ ಹೊಕ್ಕಾಳ, ದುಡಿತಾಳ, ಆಕಿಗ್ಯಾಕ ರೊಕ್ಕ?' ಹೊಟ್ಟೆಪಾಡಿಗೆ ಕೂಲಿ ಮಾಡುವುದು ಬೇರೆ, ತನ್ನನ್ನು ತಾನು ಸಾಕಿಕೊಳ್ಳುವ ಶಕ್ತಿ ಬೇರೆ. ಗಂಡ ಬಿಟ್ಟ ಮೇಲೆ ಹೇಗೋ ಬದುಕಲು ಏನೋ ಒಂದು ದುಡಿಮೆ ಮಾಡಿದಳು ಎಂದ ಮಾತ್ರಕ್ಕೆ ಜೀವನಾಂಶ ತಪ್ಪುವುದಿಲ್ಲ ಎಂದು ಸುಪ್ರೀಂ ಕೋರ್ಟ್ 2007ರಲ್ಲೇ ಹೇಳಿದೆ. ಒಳ್ಳೆಯ ಸಂಬಳದ ನೌಕರಿ ಇರುವ ಹೆಂಡತಿಯ ಮಾತು ಬೇರೆ. ಅಲ್ಲಿ ಕೋರ್ಟು ಅವಳ ಆದಾಯವನ್ನೂ ನೋಡುತ್ತದೆ. ನಮ್ಮ ಹೊಲದಲ್ಲಿ ಹತ್ತಿ ಬಿಡಿಸುವವಳು ಆ ಪೈಕಿ ಅಲ್ಲ.

'ಸರ್ಕಾರ ತಿಂಗಳಿಗೆ ಎರಡು ಸಾವಿರ ಕೊಡ್ತದಲ್ಲ, ಮತ್ಯಾಕ?' ಗೃಹಲಕ್ಷ್ಮಿ ಬಂದ ಮೇಲೆ ಹುಟ್ಟಿದ ಮಾತು ಇದು. ಗೃಹಲಕ್ಷ್ಮಿ ಸರ್ಕಾರದ ಯೋಜನೆ, ಗಂಡನೊಂದಿಗೆ ಸುಖವಾಗಿರುವ ಮನೆಯೊಡತಿಗೂ ಬರುತ್ತದೆ. ಸರ್ಕಾರ ಕೊಟ್ಟಿತೆಂದು ಗಂಡನ ಜವಾಬ್ದಾರಿ ಮುಗಿಯುವುದಿಲ್ಲ. ನೆರೆಮನೆಯವರು ಮಗುವಿಗೆ ರೊಟ್ಟಿ ಕೊಟ್ಟರೆ ಅಪ್ಪನ ಕೆಲಸ ಮುಗಿಯಿತೇ?

'ಅವನ ಹೆಸರಿಲೆ ಏನೂ ಇಲ್ಲ, ಎಲ್ಲಿಂದ ಕೊಡ್ತಾನ?' ಇದು ನಮ್ಮ ಕಡೆಯ ದೊಡ್ಡ ಆಟ. ಪಹಣಿ ಅಪ್ಪನ ಹೆಸರಲ್ಲಿ, ಟ್ರ್ಯಾಕ್ಟರ್ ಅಣ್ಣನ ಹೆಸರಲ್ಲಿ, ಬೈಕ್ ಗೆಳೆಯನ ಹೆಸರಲ್ಲಿ. ಕೋರ್ಟಿಗೆ ಬಂದಾಗ ಬರಿಗೈ. ಗಟ್ಟಿಮುಟ್ಟಾಗಿರುವ ಗಂಡಸು ಮೈಮುರಿದು ದುಡಿದಾದರೂ ಹೆಂಡತಿ-ಮಕ್ಕಳನ್ನು ಸಾಕಬೇಕು, ಆದಾಯ ಇಲ್ಲ ಎಂಬ ನೆಪ ನಡೆಯುವುದಿಲ್ಲ ಎಂದು ಸುಪ್ರೀಂ ಕೋರ್ಟ್ 2022ರಲ್ಲಿ ಹೇಳಿತು. ಕರ್ನಾಟಕದಲ್ಲಿ 2024-25ರ ಉದ್ಯೋಗ ಖಾತ್ರಿ ಕೂಲಿಯೇ ದಿನಕ್ಕೆ 349 ರೂಪಾಯಿ ಇತ್ತು. ಬೆಂಗಳೂರಿನಲ್ಲಿ ಗಾರೆ ಕೆಲಸಕ್ಕೆ ಹೋದವನು ಏನೂ ದುಡಿಯುವುದಿಲ್ಲ ಎಂದರೆ ನಂಬುವವರು ಯಾರು?

ಜೊತೆಗೆ, 2020ರ ಅದೇ ತೀರ್ಪಿನ ಪ್ರಕಾರ ಗಂಡ-ಹೆಂಡತಿ ಇಬ್ಬರೂ ತಮ್ಮ ಆದಾಯ, ಆಸ್ತಿ, ಸಾಲ, ಖರ್ಚು ಎಲ್ಲವನ್ನೂ ಪ್ರಮಾಣಪತ್ರದಲ್ಲಿ ಬರೆದು ಕೊಡಬೇಕು. ಸುಳ್ಳು ಬರೆದರೆ ಅದೇ ಬೇರೆ ಅಪರಾಧ. ಆದ್ದರಿಂದ ನಿಮಗೆ ಗೊತ್ತಿರುವುದನ್ನು ವಕೀಲರಿಗೆ ಹೇಳಿ. ಎಷ್ಟು ಎಕರೆ, ನೀರಾವರಿಯೋ ಒಣಬೇಸಾಯವೋ, ಯಾವ ಬ್ಯಾಂಕಿನಲ್ಲಿ ಖಾತೆ, ಎಲ್ಲಿ ಕೆಲಸ, ಮೇಸ್ತ್ರಿ ಯಾರು. ಇವು ಸಣ್ಣ ಮಾತುಗಳಲ್ಲ.

'ಆಕಿನ ಮನಿ ಬಿಟ್ಟು ಹೋದಾಳ.' ಸರಿಯಾದ ಕಾರಣ ಇಲ್ಲದೆ ಗಂಡನ ಜೊತೆ ಬಾಳಲು ಒಪ್ಪದಿದ್ದರೆ ಜೀವನಾಂಶ ಇಲ್ಲ ಎಂಬುದು ನಿಜ. ಆದರೆ ಹೊಡೆತ, ವರದಕ್ಷಿಣೆ ಕಾಟ ಸರಿಯಾದ ಕಾರಣವೇ. ಗಂಡ ಇನ್ನೊಂದು ಮದುವೆ ಆಗಿದ್ದರೆ, ಇನ್ನೊಬ್ಬಳನ್ನು ಇಟ್ಟುಕೊಂಡಿದ್ದರೆ ಅದು ನ್ಯಾಯವಾದ ಕಾರಣ ಎಂದು ಕಾನೂನೇ ಬರೆದಿದೆ. ಗಂಡ 'ವಾಪಸ್ ಬಂದು ಬಾಳು' ಎಂದು ಕೋರ್ಟಿನಿಂದ ಆದೇಶ ತಂದಿದ್ದರೂ, ಹೋಗದಿರಲು ಹೆಂಡತಿಗೆ ತಕ್ಕ ಕಾರಣ ಇದ್ದರೆ ಜೀವನಾಂಶ ಕೇಳಬಹುದು ಎಂದು 2025ರ ಜನವರಿಯಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ.

'ಆಕಿ ಎರಡನೇ ಹೆಂಡತಿ, ಆಕಿಗೆ ಏನೂ ಬರಂಗಿಲ್ಲ.' ಹಿಂದೂ ಕಾನೂನಿನಲ್ಲಿ ಮೊದಲ ಹೆಂಡತಿ ಇರುವಾಗ ಆದ ಎರಡನೇ ಮದುವೆ ಸಿಂಧು ಅಲ್ಲ. ಆ ಕಾರಣಕ್ಕೆ ಎರಡನೇ ಹೆಂಡತಿಯ ದಾರಿ ಕಷ್ಟವೇ. ಆದರೆ ಮೊದಲ ಮದುವೆ ಮುಚ್ಚಿಟ್ಟು ಮೋಸ ಮಾಡಿ ಕಟ್ಟಿಕೊಂಡಿದ್ದರೆ, ಆ ಮೋಸದ ಲಾಭ ಗಂಡನಿಗೆ ಸಿಗಬಾರದು ಎಂದು 2013ರಲ್ಲಿ ಸುಪ್ರೀಂ ಕೋರ್ಟ್ ಅಂಥ ಹೆಣ್ಣುಮಗಳ ಪರ ನಿಂತಿದೆ. ಅವಳ ಮಕ್ಕಳಿಗಂತೂ ಯಾವ ಅಡ್ಡಿಯೂ ಇಲ್ಲ.

ಕೊನೆಯದು, 'ಈಗಿನ ಹೆಣ್ಣುಮಕ್ಕಳು ಸುಳ್ಳು ಕೇಸು ಹಾಕ್ತಾರ.' ಸುಳ್ಳು ಹೇಳುವವರು ಎಲ್ಲಾ ಕಡೆ ಇರುತ್ತಾರೆ. ಆದಾಯ ಮುಚ್ಚಿಟ್ಟು ಜೀವನಾಂಶ ಕೇಳುವ ಹೆಂಡತಿಯೂ ಇದ್ದಾಳು. ಅದಕ್ಕೇ ಪ್ರಮಾಣಪತ್ರ ಇಬ್ಬರಿಗೂ ಕಡ್ಡಾಯ. ಗಂಡನ ದುಡಿಮೆ ನಿಜವಾಗಿ ಕಡಿಮೆಯಾದರೆ, ಕೈಕಾಲು ಮುರಿದುಕೊಂಡರೆ, ಮೊತ್ತ ಕಡಿಮೆ ಮಾಡಿ ಎಂದು ಅವನೂ ಅರ್ಜಿ ಹಾಕಬಹುದು. ಕಾನೂನು ಗಂಡಸನ್ನು ಹರಾಜು ಹಾಕಲು ಕೂತಿಲ್ಲ. ಆದರೆ ಒಬ್ಬಿಬ್ಬರ ಸುಳ್ಳು ತೋರಿಸಿ ಊರ ತುಂಬ ಇರುವ ನಿಜವನ್ನು ಮುಚ್ಚಬಾರದು. ಗಂಡ ಬಿಟ್ಟು ಮಕ್ಕಳನ್ನು ಕಟ್ಟಿಕೊಂಡು ತವರಿನಲ್ಲಿ ಅಣ್ಣ-ವೈನಿಯ ಕೈ ನೋಡುತ್ತಾ ಕೂತವರು ನಮ್ಮ ಕಣ್ಣ ಮುಂದೆಯೇ ಇದ್ದಾರೆ.

ಆದೇಶ ಬಂದ ಮೇಲಿನ ಕಥೆ

ಕೋರ್ಟಿನ ದಾರಿ ಹೂವಿನ ಹಾಸಿಗೆ ಎಂದು ನಾವು ಹೇಳುವುದಿಲ್ಲ. ಹೇಳಿದರೆ ಅದು ಮೋಸ. ಗುಳೆ ಹೋದ ಗಂಡನಿಗೆ ನೋಟಿಸ್ ಮುಟ್ಟಿಸುವುದೇ ಒಂದು ಹೋರಾಟ. 'ಮನೆಯಲ್ಲಿ ಇಲ್ಲ' ಎಂದು ಬರೆದು ವಾಪಸ್ ಬರುತ್ತದೆ. 60 ದಿನದ ಮಾತು ಇರುವುದೇ ನೋಟಿಸ್ ಮುಟ್ಟಿದ ಮೇಲೆ. ಮುಟ್ಟದಿದ್ದರೆ ಆ 60 ದಿನ ಶುರುವಾಗುವುದೇ ಇಲ್ಲ. ಒಂದೊಂದು ತಾರೀಖಿಗೆ ಹೋದರೆ ಒಂದು ದಿನದ ಕೂಲಿ ಹೋಯಿತು. ಶಕ್ತಿ ಯೋಜನೆಯಿಂದ ಬಸ್ಸಿನ ಖರ್ಚು ಉಳಿದಿದೆ, ಅಷ್ಟೇ ಸಮಾಧಾನ.

ಆದೇಶ ಬಂದರೂ ರೊಕ್ಕ ಬರುತ್ತದೆ ಎಂಬ ಖಾತ್ರಿ ಇಲ್ಲ. ಕೊಡದಿದ್ದರೆ ಮತ್ತೆ ಅದೇ ಕೋರ್ಟಿಗೆ ಅರ್ಜಿ ಹಾಕಬೇಕು. ಆಗ ವಾರಂಟ್ ಹೊರಡುತ್ತದೆ. ಬಾಕಿ ಉಳಿದ ಪ್ರತಿ ತಿಂಗಳ ಕಂತಿಗೆ ಒಂದು ತಿಂಗಳವರೆಗೆ ಜೈಲಿಗೆ ಕಳಿಸುವ ಅಧಿಕಾರ ಕೋರ್ಟಿಗಿದೆ. ಜೈಲಿಗೆ ಹೋಗಿ ಬಂದೆ, ಬಾಕಿ ತೀರಿತು ಎನ್ನುವಂತಿಲ್ಲ. ಜೈಲು ಕಂಡರೂ ರೊಕ್ಕ ಕೊಡಲೇಬೇಕು ಎಂದು ಸುಪ್ರೀಂ ಕೋರ್ಟ್ 1988ರಲ್ಲಿ ಹೇಳಿದೆ. ಆದರೆ ಒಂದು ಎಚ್ಚರಿಕೆ: ಬಾಕಿ ಬಿದ್ದ ದಿನದಿಂದ ಒಂದು ವರ್ಷದೊಳಗೆ ವಸೂಲಿ ಅರ್ಜಿ ಹಾಕಬೇಕು. 'ಕೊಟ್ಟಾನು ಬಿಡು' ಎಂದು ಕಾಯುತ್ತಾ ಕೂತರೆ ಇಲ್ಲಿಯೂ ಹೆಣ್ಣುಮಗಳಿಗೇ ನಷ್ಟ.

ಇಲ್ಲಿ ಸರ್ಕಾರಕ್ಕೂ ನಮ್ಮ ಮಾತಿದೆ. ಜೀವನಾಂಶದ ವಾರಂಟ್ ಪೊಲೀಸ್ ಠಾಣೆಯ ಕಡತದ ಅಡಿಗೆ ಹೋಗಬಾರದು. ಬೇರೆ ಜಿಲ್ಲೆಗೆ ಹೋದ ಗಂಡನನ್ನು ಹುಡುಕಿಕೊಂಡು ಬರುವ ಕೆಲಸ ಹೆಂಡತಿಯದಲ್ಲ. ಉಚಿತ ವಕೀಲರ ವಿಷಯ, ಸಹಾಯವಾಣಿಯ ನಂಬರ್ ಪ್ರತಿ ಗ್ರಾಮ ಪಂಚಾಯಿತಿಯ ಗೋಡೆಯ ಮೇಲೆ, ಅಂಗನವಾಡಿಯ ಬಾಗಿಲ ಮೇಲೆ ದೊಡ್ಡದಾಗಿ ಬರೆದಿರಬೇಕು. ಮಹಿಳಾ ಗ್ರಾಮಸಭೆಯಲ್ಲಿ ವರ್ಷಕ್ಕೆ ಒಂದು ಸಲವಾದರೂ ತಾಲ್ಲೂಕಿನ ವಕೀಲರು ಬಂದು ಇದನ್ನು ಹೇಳಬೇಕು. ಇದಕ್ಕೆ ಕೋಟಿಗಟ್ಟಲೆ ಅನುದಾನ ಬೇಕಿಲ್ಲ.

ನೀವು ಏನು ಮಾಡಬಹುದು

ವಕೀಲರಿಗೆ ಕೊಡಲು ರೊಕ್ಕ ಇಲ್ಲ ಎಂದು ಹಿಂಜರಿಯಬೇಡಿ. 1987ರ ಕಾನೂನು ಸೇವಾ ಪ್ರಾಧಿಕಾರಗಳ ಕಾಯ್ದೆಯ ಪ್ರಕಾರ ಎಲ್ಲಾ ಹೆಣ್ಣುಮಕ್ಕಳಿಗೂ ಉಚಿತ ವಕೀಲರ ನೆರವು ಸಿಗುತ್ತದೆ. ಆದಾಯದ ಮಿತಿ ಕೇಳುವುದಿಲ್ಲ. ತಾಲ್ಲೂಕು ಕೋರ್ಟಿನ ಆವರಣದಲ್ಲೇ ತಾಲ್ಲೂಕು ಕಾನೂನು ಸೇವಾ ಸಮಿತಿ ಇರುತ್ತದೆ. ಅಲ್ಲಿಗೆ ಹೋಗಿ 'ಜೀವನಾಂಶದ ಅರ್ಜಿ ಹಾಕಬೇಕು, ವಕೀಲರನ್ನು ಕೊಡಿ' ಎಂದರೆ ಸಾಕು. ಫೋನಿನಲ್ಲಿ ಕೇಳಬೇಕಿದ್ದರೆ 15100. ಮಹಿಳಾ ಸಹಾಯವಾಣಿ 181.

ಹೊಡೆತ ಬಡಿತ ಇದ್ದರೆ, ಮನೆಯಿಂದ ಹೊರಹಾಕಿದ್ದರೆ, 2005ರ ಕೌಟುಂಬಿಕ ಹಿಂಸೆ ತಡೆ ಕಾಯ್ದೆಯ ದಾರಿಯೂ ಇದೆ. ಅದರಲ್ಲಿ ಜೀವನಾಂಶದ ಜೊತೆಗೆ ಇರಲು ಮನೆಯನ್ನೂ ಕೇಳಬಹುದು. ಮನೆ ಮಾವನ ಹೆಸರಿನಲ್ಲಿದೆ ಎಂಬ ಒಂದೇ ಕಾರಣಕ್ಕೆ ಸೊಸೆಗೆ ಅಲ್ಲಿ ಇರುವ ಹಕ್ಕಿಲ್ಲ ಎನ್ನುವಂತಿಲ್ಲ. ಇದಕ್ಕೆ ತಾಲ್ಲೂಕಿನ ಸಿಡಿಪಿಒ ಕಚೇರಿಗೆ ಹೋಗಿ. ಅಂಗನವಾಡಿ ಅಕ್ಕನಿಗೆ ಆ ಕಚೇರಿ ಎಲ್ಲಿದೆ ಎಂದು ಗೊತ್ತಿರುತ್ತದೆ. ಎರಡು ಕಡೆ ಅರ್ಜಿ ಹಾಕಿದ್ದರೆ ಮುಚ್ಚಿಡದೆ ಎರಡನ್ನೂ ಕೋರ್ಟಿಗೆ ಹೇಳಬೇಕು.

ಹೋಗುವಾಗ ಕೈಯಲ್ಲಿ ಏನಿರಬೇಕು? ಆಧಾರ್, ರೇಷನ್ ಕಾರ್ಡ್, ಮದುವೆಯ ಫೋಟೊ ಅಥವಾ ಲಗ್ನಪತ್ರಿಕೆ, ಮಕ್ಕಳ ಜನನ ಪ್ರಮಾಣಪತ್ರ, ಗಂಡನ ಕಡೆಯ ಹೊಲದ ಪಹಣಿ ಸಿಕ್ಕರೆ ಅದು. ಮೊದಲು ರೊಕ್ಕ ಕಳಿಸುತ್ತಿದ್ದನಲ್ಲ, ಆ ಫೋನ್‌ಪೇ ಲೆಕ್ಕವನ್ನು ಅಳಿಸಬೇಡಿ. ಅವನು ದುಡಿಯುತ್ತಿದ್ದ, ಕಳಿಸುತ್ತಿದ್ದ, ಆಮೇಲೆ ನಿಲ್ಲಿಸಿದ ಎಂಬುದಕ್ಕೆ ಅದೇ ಸಾಕ್ಷಿ. ಎಲ್ಲಾ ಕಾಗದ ಸೇರಲಿ ಎಂದು ಅರ್ಜಿ ತಡ ಮಾಡಬೇಡಿ. ಇದ್ದಷ್ಟು ಹಿಡಿದು ಹೋಗಿ.

ಹಿರಿಯರಿಗೆ ಎರಡು ಮಾತು

ಊರ ಹಿರಿಯರನ್ನು ನಾವು ಹಳಿಯುತ್ತಿಲ್ಲ. ಎಷ್ಟೋ ಮನೆಗಳ ಜಗಳ ನೀವು ಬಿಡಿಸಿದ್ದೀರಿ. ಕೋರ್ಟಿಗೆ ಹೋದರೆ ಹೆಣ್ಣುಮಗಳು ಅಲೆದಾಡಿ ಸೋತಾಳು ಎಂಬ ಕಳಕಳಿಯೂ ನಿಮ್ಮಲ್ಲಿ ಇರಬಹುದು. ಹೊಲದ ಬದುವಿನ ಜಗಳವನ್ನು ನೀವು ಅಳತೆ ಮಾಡಿ ಬಗೆಹರಿಸುತ್ತೀರಿ. ಒಂದು ಗೇಣು ಆಚೆ ಈಚೆ ಆದರೆ ಒಪ್ಪುವುದಿಲ್ಲ. ಹಾಗಾದರೆ ಒಬ್ಬ ತಾಯಿ, ಇಬ್ಬರು ಮಕ್ಕಳ ಹದಿನೈದು ವರ್ಷದ ಅನ್ನವನ್ನು ಅಳತೆ ಮಾಡದೆ, ಒಂದು ಮಧ್ಯಾಹ್ನದಲ್ಲಿ, ಅವಳಿಗೆ ಓದಿ ಹೇಳದೆ ಯಾಕೆ ಮುಗಿಸುತ್ತೀರಿ?

'ಪೋಟಗಿ' ಎಂಬ ಮಾತು ಮರಾಠಿಯಿಂದ ನಮ್ಮ ಕಡೆ ಬಂದದ್ದು. ಅಲ್ಲಿ 'ಪೋಟ್' ಅಂದರೆ ಹೊಟ್ಟೆ. ಹೊಟ್ಟೆ ದಿನಾ ಹಸಿಯುತ್ತದೆ. ಒಂದೇ ದಿನ ಉಂಡು ಹದಿನೈದು ವರ್ಷ ಸುಮ್ಮನಿರುವುದಿಲ್ಲ. ಅದಕ್ಕೇ ಕಾನೂನು ತಿಂಗಳು ತಿಂಗಳು ಕೊಡಬೇಕು ಎಂದಿದೆ. ಮುಂದಿನ ಸಲ ಕಟ್ಟೆಗೆ ಕೂತಾಗ ಬಾಂಡ್ ಪೇಪರ್ ತರಿಸಬೇಡಿ. ನಿಜವಾಗಿ ಸಹಾಯ ಮಾಡಬೇಕೆಂದಿದ್ದರೆ ಆ ಹೆಣ್ಣುಮಗಳನ್ನು ತಾಲ್ಲೂಕು ಕಾನೂನು ಸೇವಾ ಸಮಿತಿಗೆ ಕರೆದುಕೊಂಡು ಹೋಗಿ. ಅವಳ ಪರ ಸಾಕ್ಷಿ ಹೇಳಿ. ಗಂಡ ಬೆಂಗಳೂರಿನಲ್ಲಿ ಎಲ್ಲಿದ್ದಾನೆ ಎಂಬ ವಿಳಾಸ ನಿಮಗೆ ಗೊತ್ತಿರುತ್ತದೆ, ಅದನ್ನು ಕೋರ್ಟಿಗೆ ಕೊಡಿಸಿ. ಅದರಿಂದ ಒಂದು ನೋಟಿಸ್ ಮುಟ್ಟಿದರೂ ನೀವು ಅವಳಿಗೆ ಕೊಡಿಸಿದ 60,000ಕ್ಕಿಂತ ಅದು ದೊಡ್ಡ ಉಪಕಾರ.

ಹತ್ತಿ ಹೊಲದಲ್ಲಿ ಸಿಕ್ಕ ಆ ಹೆಣ್ಣುಮಗಳ ವಿಷಯಕ್ಕೆ ಬರುತ್ತೇವೆ. ನಾವು ಭೇಟಿಯಾದಾಗ ಬಾಂಡ್ ಪೇಪರ್ ಆಗಿ ಎರಡು ವರ್ಷ ಕಳೆದಿತ್ತು. ಕಲಬುರಗಿಯ 8,000 ರೂಪಾಯಿಯ ಕಥೆ ಹೇಳಿದೆವು. ಅವರು ಏನೂ ಮಾತಾಡಲಿಲ್ಲ. ಹತ್ತಿ ಮುಗಿದ ಮೇಲೆ ಒಂದು ಸೋಮವಾರ ತಮ್ಮ ಅವ್ವನನ್ನು ಕರೆದುಕೊಂಡು ತಾಲ್ಲೂಕಿಗೆ ಹೋದರು. ವಕೀಲರು ಸಿಕ್ಕರು, ಅರ್ಜಿ ಬರೆಯಿತು.

ಮೊದಲ ನೋಟಿಸ್ ಮುಟ್ಟದೆ ವಾಪಸ್ ಬಂದಿದೆ. ಎರಡನೆಯದು ಹೋಗಿದೆ. ಕೋರ್ಟು ಏನು ಹೇಳುತ್ತದೋ, ಬಾಂಡ್ ಪೇಪರಿನ ಆ ಸಾಲಿಗೆ ಗಂಡನ ಕಡೆಯವರು ಎಷ್ಟು ಜೋತು ಬೀಳುತ್ತಾರೋ ನೋಡಬೇಕು. ಅವರಿಗೆ ಇನ್ನೂ ಒಂದು ರೂಪಾಯಿ ಬಂದಿಲ್ಲ. ಆದರೆ ಮೊನ್ನೆ ಫೋನ್ ಮಾಡಿದಾಗ ಅವರು ಒಂದು ಮಾತು ಹೇಳಿದರು: "ಅರ್ಜಿ ಮ್ಯಾಲೆ ತಾರೀಖು ಬಿದ್ದೈತಿ ನೋಡ್ರಿ. ಇನ್ನ ಅವ ಎಷ್ಟು ದಿನಾ ತಪ್ಪಿಸ್ಕೊಂಡ್ರೂ ಲೆಕ್ಕ ನಡದಿರ್ತೈತಿ."

ನಿಮ್ಮ ಓಣಿಯಲ್ಲಿ, ನಿಮ್ಮ ನೆಂಟರಲ್ಲಿ ಇಂಥ ಒಬ್ಬರಾದರೂ ಇದ್ದೇ ಇರುತ್ತಾರೆ. ಅವರಿಗೆ ಓದಲು ಬರದಿದ್ದರೆ ಇದನ್ನು ಓದಿ ಹೇಳಿ.